ಜಪಾನಿ ಗಿಡದ ತಪ್ಪಲ

ನಾನು ಕುಂತಲ್ಲಿ ಕುಂಡ್ರೂ ಹೆಂಗಸಲ್ಲ. ಮೂವತ್ತು ವರ್ಷ ಹೈಸ್ಕೂಲಿನ್ಯಾಗ ವಿಜ್ಞಾನ ಕಲಿಸಿ ರಿಟೈರ್ ಆದೆ ನೋಡ್ರಿ, ಮರುದಿವಸದಿಂದ ಕೈ ಸುಮ್ಮನ ಇರವಲ್ವು. ಮಹಾರಾಷ್ಟ್ರದ ಗಡಿಗೆ ಹತ್ತಿದ ನಿಪ್ಪಾಣ್ಯಾಗ ನಮ್ಮ ಮನ್ಯಾಗ ಇರಾವ್ರು ನಾನು, ನಮ್ಮ ಮನಿಯವ್ರು, ಇಬ್ಬರೇ. ಇಬ್ಬರ ಅಡಿಗಿ ಎಷ್ಟೊತ್ತಿಂದು? ಮುಂಜಾನೆ ಒಂಬತ್ತಕ್ಕ ಕಟ್ಟಿ ಒರೆಸಿ ಇಟ್ಟಿರ್ತೀನಿ. ಸಂಜಿ ಊಟ ಹೊತ್ತು ಮುಳುಗೂದ್ರೊಳಗ ಮುಗೀತೈತಿ, ಯಾಕಂದ್ರ ನಾವು ಜೈನರು. ನಡುವಿನ ಹೊತ್ತು ನನ್ನ ತಿನ್ನಾಕ ಬರತೈತಿ. ಒಮ್ಮೆ ಒಂದೇ ವಾರದಾಗ ಎರಡು ಸಲ ಡಬ್ಬಿ ಎಲ್ಲಾ ಕೆಳಗಿಳಿಸಿ ತೊಳೆದು ಮತ್ತ ಏರಿಸಿದೆ. "ಕಾಲಿಗೆ ಗಾಲಿ ಕಟಗೊಂಡು ಹುಟ್ಟೀದಿ ನೀ," ಅಂದ್ರು ನಮ್ಮ ಮನಿಯವ್ರು, ಪೇಪರಿನಿಂದ ತಲಿ ಎತ್ತಲಿಲ್ಲ.

ಅಂಥಾದ್ರಾಗ ಕೊಲ್ಹಾಪುರಕ್ಕ ಹೂವಿನ ಪ್ರದರ್ಶನ ನೋಡಾಕ ಹೋದೆ. ಅಲ್ಲಿ ಒಂದು ಮೂಲ್ಯಾಗ ಮೊಣಕಾಲೆತ್ತರದ ಗಿಡ, ಎಲಿ ಕಾಣದಂಗ ಹೂ ಹೊತಗೊಂಡು ನಿಂತಿತ್ತು. ಗುಲಾಬಿ ಬಣ್ಣ, ಆದ್ರ ಗುಲಾಬಿ ಅಲ್ಲ. ಒಂದು ಹೂವಿನ ಬಾಯಾಗ ಇನ್ನೊಂದು ಹೂ ಇಟ್ಟಂಗ ಎರಡು ಪದರ. ಚೀಟಿ ಮ್ಯಾಲ 'ಜಪಾನಿ ಹೈಬ್ರಿಡ್ ಅಝೇಲಿಯಾ' ಅಂತ ಬರೆದಿತ್ತು. ನರ್ಸರಿಯಾಂವ ನನ್ನ ಮಾರಿ ನೋಡಿ, "ಇದು ಥಂಡಿ ಊರಿನ ಗಿಡ ಅಕ್ಕಾರ. ನಿಮ್ಮ ಕಡೆ ಬದಕೂದಿಲ್ರಿ," ಅಂದ. ಆಗೂದಿಲ್ಲ ಅಂದ್ರ ಮಾಡೇ ತೋರಸೂ ಚಾಳಿ ನಂದು. ಮೂರು ಕುಂಡ ಹೊತಗೊಂಡು ಬಂದೆ.

ಬಂದ ಮ್ಯಾಲ ತಿಳೀತು ಎಂಥಾ ಹಟಮಾರಿನ್ನ ತಂದೀನಿ ಅಂತ. ಅದರ ಬೇರು ಕೂದಲಿನಷ್ಟು ಸಣ್ಣ, ಆಳಕ್ಕ ಇಳಿಯೂದಿಲ್ಲ, ಮ್ಯಾಲೇ ಹರಡಿಕೊಂಡಿರತಾವ. ಒಂದು ದಿವಸ ನೀರು ತಪ್ಪಿದ್ರ ಒಣಗತಾವ, ಒಂದು ದಿವಸ ಹೆಚ್ಚಾದ್ರ ಕೊಳೀತಾವ. ಹುಳಿ ಮಣ್ಣು ಬೇಕು ಅದಕ. ನಮ್ಮದು ಕರಿ ಎರಿ, ಸುಣ್ಣ ತುಂಬಿದ ನೆಲ. ಬೋರಿನ ನೀರಿಗೆ ಸಾಬೂನಿನ ನೊರಿ ಸುದ್ದಾ ಏಳೂದಿಲ್ಲ. ಮೊದಲನೇ ತಿಂಗಳಿಗೇ ಎಲಿ ಹಳದಿ ಆಗಿ ನರ ಅಷ್ಟೇ ಹಸರು ಉಳಕೊಂಡ್ವು. ಭೋಜದಾಗ ನನ್ನ ತವರಿನ ತೋಟ ಐತಿ. ಅಲ್ಲಿಂದ ಮಾವಿನ ಗಿಡದ ಬುಡದಾಗ ಕೊಳೆತ ಎಲಿ ಎರಡು ಚೀಲ ತರಿಸಿದೆ. ತೆಂಗಿನ ನಾರಿನ ಪುಡಿ ಕೂಡಿಸಿದೆ. ಮಳಿ ನೀರು ಹಿಡಿದಿಡಾಕ ಮಾಳಗಿ ಮ್ಯಾಲ ಡ್ರಮ್ ಇಟ್ಟೆ. ಬ್ಯಾಸಗಿ ಬಂತಂದ್ರ ಗೋಣಿತಟ್ಟು ತೋಯಿಸಿ ಸುತ್ತ ಕಟ್ಟತಿದ್ದೆ. ಗಂಡಗ ಇಷ್ಟು ಸೇವಾ ಮಾಡಿದ್ರ ಈ ಮನಿ ಸ್ವರ್ಗ ಆಗತಿತ್ತು ಅಂತ ಅವರು ಗೊಣಗಿದ್ರು. ಮುಂದಿನ ವರ್ಷ ಮೂರೂ ಕುಂಡ ಹೂ ಬಿಟ್ಟವು.

ಆವಾಗ ನನಗ ಹುಚ್ಚು ಏರಿತು. ಇದು ಎಲ್ಲಿದು, ಯಾರ ಮಗಳು, ಯಾರ ಮೊಮ್ಮಗಳು ಅಂತ ಮೊಬೈಲಿನ್ಯಾಗ ಹುಡಕಿ ಹುಡಕಿ ಓದಿದೆ. ಜಪಾನಿನ ದಕ್ಷಿಣಕ್ಕ ಕ್ಯೂಶೂ ಅಂತ ದ್ವೀಪ ಐತಿ, ಅದರಾಗ ಕಿರಿಶಿಮಾ ಅಂತ ಬೆಂಕಿ ಕಾರೂ ಗುಡ್ಡ. ಗುಡ್ಡದ ನೆತ್ತಿ ಮ್ಯಾಲ, ಗಾಳಿಗೆ ಅಂಜಿ ನೆಲಕ್ಕ ಹತ್ತಿ ಬೆಳೆಯೂ ಒಂದು ಜಾತಿ. ಸಣ್ಣ ಎಲಿ, ಸಣ್ಣ ಹೂ. ಗುಡ್ಡದ ಬುಡಕ್ಕ ಎತ್ತರ ಬೆಳೆಯೂ ಇನ್ನೊಂದು ಜಾತಿ. ಕೆಂಪು ದೊಡ್ಡ ಹೂ. ನಡುವಿನ ಇಳಿಜಾರಿನ್ಯಾಗ ಎರಡೂ ಕೂಡತಾವ, ಹುಳಾ ಹಾರಾಡಿ ಬೆರಕಿ ಮಾಡತಾವ. ಹಿಂಗ ತಾವೇ ಹುಟ್ಟಿದ ಮಿಶ್ರ ಗಿಡಗಳನ್ನ ಕುರುಮೆ ಅನ್ನೂ ಊರಿನ ಗಿಡದ ಹುಚ್ಚಿನ ಮಂದಿ ತಂದು ಬೀಜ ಹಾಕಿದ್ರು. ಒಂದು ಸಸಿ ಇದ್ದಂಗ ಇನ್ನೊಂದಿಲ್ಲ. ಬಿಳಿ, ಗುಲಾಬಿ, ಕೆಂಪು, ನೇರಳೆ. ಅದರಾಗ ಚಲೋದನ್ನ ಆರಿಸಿ ಕಡ್ಡಿ ನಟ್ಟು ಬೆಳೆಸಿದ್ರು, ನಾವು ಕಬ್ಬಿನ ಗಣಿಕಿ ನಟ್ಟಂಗ. ಬೀಜದಿಂದ ಬಂದದ್ದು ತಾಯಿ ಹಂಗ ಬರೂದಿಲ್ಲ, ಕಡ್ಡಿಯಿಂದ ಬಂದದ್ದೇ ಖರೆ. ಆಮ್ಯಾಲ ಅವು ಹಡಗ ಹತ್ತಿ ದೇಶಾಂತರ ಹೋಗಿ, ಅಲ್ಲಿನ ಮಂದಿ ಮತ್ತ ಬೆರೆಸಿ, ನಾನಾ ನಮೂನಿ ಮಾಡಿದ್ರು. ಒಂದೇ ಗಿಡದಾಗ ಟೊಂಗಿಗೊಂದು ಬಣ್ಣ ಹೂ ಬಿಡೂ ಜಾತಿನೂ ಅದಾವಂತ.

ಇದನ್ನೆಲ್ಲಾ ಹೇಳಾಕ ನನಗೊಬ್ಬರು ಬೇಕಲ್ಲ. ಗ್ವಾಡಿ ಆಚಿ ಕಡೆ ಆಪಾ ಇದ್ರು. ಅವರೂ ನಾನೂ ಮೂವತ್ತು ವರ್ಷದಿಂದ ನೆರಮನಿಯವ್ರು. ನನಗಿಂತ ನಾಕೈದು ವರ್ಷ ದೊಡ್ಡವ್ರು, ನಾ ಅವರಿಗೆ ಆಪಾ ಅಂತೀನಿ, ಅವರು ನನಗ ವೈನಿ ಅಂತಾರ. ಅಂಗಳದಾಗ ಮೊಣಕಾಲ ಮ್ಯಾಲ ಬೀಡಿ ಸೂಪ, ತಂಬಾಕಿನ ಮೊರ, ಇಟಗೊಂಡು ಎಲಿ ಸುತ್ತಕೋತ ಕುಂತಿರ್ತಾರ. ಕೈ ನೋಡೂದಿಲ್ಲ, ಬೀಡಿ ತಾನೇ ಆಗಿರತೈತಿ. ನಾ ಗ್ವಾಡಿಗೆ ಆತು ನಿಂತು ಕ್ಲಾಸ್ ತಗೊಂಡೆ. ಎಲ್ಲಾ ಕೇಳಿ ಆಪಾ ಅಂದ್ರು: "ಅಂದ್ರ ಈ ಗಿಡಾನೂ ನಿಪ್ಪಾಣಿ ಮಂದಿ ಹಂಗ ಅನ್ರಿ ವೈನಿ. ಅರ್ಧ ಮ್ಯಾಲಿಂದು, ಅರ್ಧ ಕೆಳಗಿಂದು. ಮನ್ಯಾಗ ಒಂದು ಭಾಷಾ, ಪ್ಯಾಟ್ಯಾಗ ಒಂದು ಭಾಷಾ." ನಾ ಬಿದ್ದು ಬಿದ್ದು ನಕ್ಕೆ.

ಆಪಾನ ಅಂಗಳದಾಗ ಒಂದು ಹೋತ ಇತ್ತು. ಕಂದು ಬಣ್ಣ, ಹಣಿ ಮ್ಯಾಲ ಬಿಳಿ ಮಚ್ಚಿ. ಅವರ ಗಂಡಂದು ಒಂದು ಆಸೆ ಇತ್ತು: ಸಂತ್ಯಾಗಿಂದು ತಂದದ್ದಲ್ಲ, ಮನ್ಯಾಗ ಕೈಯಾರೆ ಸಾಕಿದ ಹೋತ ಒಮ್ಮೆ ಬಕ್ರೀದಕ್ಕ ಕುರ್ಬಾನಿ ಕೊಡಬೇಕು ಅಂತ. ಆಗಲಿಲ್ಲ, ಹೋಗಿಬಿಟ್ರು. ಅವರ ಹೆಸರಲೇ ನಾ ಕೊಡತೀನಿ ಅಂತ ಆಪಾ ನಿಯತ್ ಮಾಡಿದ್ರು. ಅಂಗೈಯಷ್ಟು ಇದ್ದ ಮರಿ ತಂದು ಬಾಟಲಿ ಹಾಲು ಕುಡಿಸಿ ಬೆಳೆಸಿದ್ರು. ಕುರ್ಬಾನಿಗೆ ಕೊಡೂ ಹೋತಕ್ಕ ಊನ ಇರಬಾರದು, ಬ್ಯಾನಿ ಇರಬಾರದು. ಅದಕ ಕಾಲಿಗೆ ಮುಳ್ಳು ಹೆಟ್ಟೀತು ಅಂತ ಬೀದಿಗೆ ಸುದ್ದಾ ಬಿಡತಿರಲಿಲ್ಲ. "ಬೇಟಾ" ಅಂದ್ರ ಕಿವಿ ನಿಗರಸತಿತ್ತು.

ಆ ಹೋತಕ್ಕ ನಮ್ಮ ಮನಿ ತಪ್ಪಲ ಹೋಗತಿತ್ತು. ಇದು ನಮ್ಮ ಅತ್ತಿ ಹಾಕಿದ ಪದ್ಧತಿ: ಹಸರು ಕೊಯ್ದ ಮ್ಯಾಲ ಅದನ್ನ ಕಸದಾಗ ಒಗೀಬಾರದು, ಒಂದು ಬಾಯಿಗೆ ಬೀಳಬೇಕು. ಜೀವ ತಗೊಂಡೀವಿ, ಇನ್ನೊಂದು ಜೀವಕ್ಕಾದ್ರೂ ಆಗಲಿ ಅನ್ನೂ ಲೆಕ್ಕ. ಕೋಸಿನ ಹೊರಗಿನ ಎಲಿ, ಬಟಾಣಿ ಸಿಪ್ಪಿ, ಮೆಂತೆ ದಂಟು, ಎಲ್ಲಾ ಗ್ವಾಡಿ ದಾಟತಿದ್ವು. ಹೋತ ಮುಂಗಾಲ ಗ್ವಾಡಿಗೆ ಹಚ್ಚಿ ನಿಂತು ನನ್ನ ಕೈಯಿಂದಲೇ ತಿಂತಿತ್ತು. ಕುರ್ಬಾನಿ ಹೋತ ಅಂತ ಗೊತ್ತಿತ್ತು ನನಗ. ಇರೂತನಕ ಹೊಟ್ಟಿ ತುಂಬಿರಲಿ, ನನಗೂ ನಾಕು ಪುಣ್ಯ ಬರಲಿ ಅಂತ ಅನಕೋತಿದ್ದೆ.

ಈ ಗಿಡದ್ದು ಇನ್ನೊಂದು ನಖರಾ ಐತಿ. ಹೂ ಉದುರಿದ ಮ್ಯಾಲ ಲಗೂನೇ ಟೊಂಗಿ ಕತ್ತರಿಸಬೇಕು. ತಡಾ ಆತಂದ್ರ ಅದು ಮುಂದಿನ ವರ್ಷದ ಮೊಗ್ಗಿಗೆ ತಯಾರಿ ನಡೆಸಿರತೈತಿ, ಆವಾಗ ಕತ್ತರಿಸಿದ್ರ ಹೂವನ್ನೇ ಕತ್ತರಿಸಿದಂಗ. ಬಕ್ರೀದಕ್ಕ ಇನ್ನೂ ಒಂದು ತಿಂಗಳ ಮ್ಯಾಲ ಇತ್ತು. ಮುಂಜಾನೆ ಹತ್ತರ ಸುಮಾರಿಗೆ ಕತ್ತರಿ ಹಿಡಕೊಂಡು ಮೂರೂ ಕುಂಡ ಗುಂಡಗ ಮಾಡಿದೆ. ಒಂದು ಬುಟ್ಟಿ ಎಳಿ ತಪ್ಪಲ ಬಿತ್ತು. ಎತ್ತಿಕೊಂಡು ಗ್ವಾಡಿ ಕಡೆ ನಡೆದೆ. ವಿಚಾರ ಮಾಡಲಿಲ್ಲ, ಕೈಗೆ ರೂಢಿ ಆಗಿತ್ತು. ಹೋತ ಮುಷ್ಟಿ ಮುಷ್ಟಿ ತಿಂತು. ಜಪಾನಿನ ಮೇವು ತಿನ್ನೂ ನಿಪ್ಪಾಣಿಯ ಮೊದಲನೇ ಹೋತ ನೀನೇ ನೋಡಪಾ ಅಂತ ಅದರ ಗದ್ದ ಸವರಿದೆ.

ಎರಡರ ಸುಮಾರಿಗೆ ಆಪಾ ಗ್ವಾಡಿ ಬಡದ್ರು. ದನಿ ಕೇಳೇ ನಾ ಓಡಿದೆ. ಹೋತ ನಾಕೂ ಕಾಲು ಅಗಲಿಸಿ ನಿಂತಿತ್ತು, ಕುಡದಾಂವ ನಿಂತಂಗ. ತಲಿ ಜೋತು ಬಿದ್ದಿತ್ತು. ಬಾಯಾಗ ಹಸರು ನೊರಿ, ಹಲ್ಲು ಕಟಕಟ. ನಮ್ಮ ಕಣ್ಣ ಮುಂದ ಮೈ ನಡುಗಿಸಿ ಕಾರಿತು. ಹೋತ ಕಾರೂದನ್ನ ನಾ ಹುಟ್ಟಿದಾಗಿನಿಂದ ನೋಡಿರಲಿಲ್ಲ.

"ನನ್ನ ಸೂಪದಾಗಿನ ತಂಬಾಕ ತಿಂದೈತಿ ವೈನಿ," ಆಪಾ ಹಣಿ ಹಣಿ ಬಡಕೊಂಡ್ರು. "ಮುಂಜಾನೆ ಸೂಪ ಕೆಳಗಿಟ್ಟು ನೀರಿಗೆ ಹೋಗಿದ್ದೆ. ನನ್ನ ಕೈಯಾರೆ ಕೊಂದೆ ಇದನ್ನ. ಅವರಿಗೆ ನಾ ಏನು ಮಾರಿ ತೋರಸಲಿ?"

ನಾ ಕೆಳಗ ನೋಡಿದೆ. ಕಾರಿದ್ದರಾಗ ತಂಬಾಕ ಇರಲಿಲ್ಲ. ಸಣ್ಣ ಸಣ್ಣ ಎಲಿ ಇದ್ವು, ತುದಿ ಚೂಪು, ಮ್ಯಾಲ ತುಸು ನವುರು ಕೂದಲ. ಎರಡು ವರ್ಷ ಒಂದೊಂದನ್ನೂ ಒರೆಸಿ ನೋಡಿದ ಎಲಿ, ನನಗ ಗುರುತು ಸಿಗೂದಿಲ್ಲೇನು? "ದನದ ದವಾಖಾನಿಗೆ ಫೋನ್ ಮಾಡತೀನಿ ತಡೀರಿ," ಅಂದು ಮನಿಗೆ ಬಂದೆ.

ಫೋನ್ ಮಾಡಿದೆ. ಡಾಕ್ಟರು ಹಳ್ಳಿಗೆ ಹೋಗ್ಯಾರ, ಒಂದು ತಾಸು ಆಗತೈತಿ ಅಂದ್ರು. ಆಮ್ಯಾಲ ನಾ ಅದೇ ಹಳೇ ಪುಟ ತೆಗೆದೆ. ಕಿರಿಶಿಮಾ, ಕುರುಮೆ, ಬೇರು, ಮಣ್ಣು, ಕತ್ತರಿಸೂದು, ಎಲ್ಲಾ ಬಾಯಿಪಾಠ ಆಗಿತ್ತು. ತಳಕ್ಕ ಸರಿಸಿದೆ. ಅಲ್ಲಿ ಎರಡೇ ಸಾಲು ಇತ್ತು: ಈ ಕುಲದ ಗಿಡಗಳ ಎಲಿ, ಹೂ, ಮಕರಂದ ಎಲ್ಲಾ ವಿಷ, ಕುರಿ, ಆಡು ತಿಂದ್ರ ಜೀವಕ್ಕ ಅಪಾಯ. ಗುಡ್ಡದಾಗ ಮೇಯೂ ಪ್ರಾಣಿಗಳಿಂದ ತನ್ನ ಕಾಯ್ಕೊಳ್ಳಾಕ ಗಿಡ ಮಾಡಕೊಂಡ ಉಪಾಯ ಅದು. ಮೂವತ್ತು ವರ್ಷ ಹುಡುಗರಿಗೆ 'ಪಾಠ ಪೂರ್ತಿ ಓದ್ರೋ' ಅಂತ ಬೆತ್ತ ತೋರಿಸಿದಾಕಿ ನಾನು.

ಈಗ ಹೇಳಬಾರದ್ದನ್ನ ಹೇಳತೀನಿ. ನಾ ಲಗೂನ ಹೊರಗ ಹೋಗಲಿಲ್ಲ. ಅಡಿಗಿಮನಿಯಿಂದ ಪಡಸಾಲಿಗೆ, ಪಡಸಾಲಿಯಿಂದ ಅಡಿಗಿಮನಿಗೆ ತಿರಗಿದೆ. ಹಾಲಿನ ಪಾತೇಲಿ ತೊಳೆದೆ, ಅದು ತೊಳೆದದ್ದೇ ಇತ್ತು. ಗ್ವಾಡಿ ಆಚಿಗೆ ಆಪಾ ತಮ್ಮನ್ನ ತಾವೇ ಬೈಕೋತಿದ್ದದ್ದು ಕೇಳತಿತ್ತು. ತಂಬಾಕ ಅಂತ ತಿಳಕೊಂಡಾರ, ತಿಳಕೊಂಡಿರಲಿ, ಡಾಕ್ಟರು ಬಂದ್ರ ಹೆಂಗೂ ಔಷಧ ಕೊಡತಾರ ಅಂತ ಒಂದು ಮನಸು ಅಂತು. ಅದು ನನ್ನದೇ ಮನಸು, ಬ್ಯಾರೆ ಯಾರದೂ ಅಲ್ಲ. ಇರಿವಿ ತುಳದ್ರ 'ಮಿಚ್ಛಾಮಿ ದುಕ್ಕಡಂ', ನನ್ನ ತಪ್ಪು ಮಾಫ್ ಆಗಲಿ, ಅನ್ನಾಕಿ, ಮೂವತ್ತು ವರ್ಷದ ನೆರಮನಿಯಾಕಿ ಅಳೂದನ್ನ ಗ್ವಾಡಿ ಈಚಿ ಕಡೆ ನಿಂತು ಕೇಳಿದೆ. ನಮ್ಮ ಮನಿಯವ್ರು ಪೇಪರ್ ಕೆಳಗಿಟ್ಟು ನನ್ನನ್ನೇ ನೋಡಕೋತ ಕುಂತಿದ್ರು. "ಬುಟ್ಟಿ ಎಲ್ಲೈತಿ?" ಅಂದ್ರು ಅಷ್ಟೇ. ಅವರಿಗೂ ತಿಳಿದಿತ್ತು.

ಡಾಕ್ಟರ ಗಾಡಿ ಸಪ್ಪಳ ಕೇಳಿದ ಮ್ಯಾಲ ಹೋದೆ. ಹರೇದ ಮನಷ್ಯಾ, ಬೂಟಿಗೆ ಕೆಸರು ಹತ್ತಿತ್ತು. ಹೋತದ ಎದಿ ಮ್ಯಾಲ ಕೊಳವಿ ಇಟ್ಟು ಕೇಳಿದ್ರು, ಮಾರಿ ಸಣ್ಣದು ಮಾಡಿದ್ರು. "ಏನು ತಿಂದೈತ್ರಿ?" ಅಂದ್ರು. "ತಂಬಾಕ ಸಾಹೇಬ್ರ," ಅಂದ್ರು ಆಪಾ. ಅವರು ಚೀಲದಾಗ ಕೈ ಹಾಕಿದ್ರು.

"ತಂಬಾಕ ಅಲ್ರಿ," ಅಂದೆ. "ನಾ ಕೊಟ್ಟೀನಿ. ಅಝೇಲಿಯಾದ ತಪ್ಪಲ. ಹತ್ತು ಗಂಟೇಕ್ಕ. ಒಂದು ಬುಟ್ಟಿ."

ಡಾಕ್ಟರು ಚೀಲದಾಗಿಂದು ಕೈ ತೆಗೆದು ನನ್ನ ನೋಡಿದ್ರು. ಆ ಹೆಸರು ಪುಸ್ತಕದಾಗ ಓದಿದ್ರಂತ, ಕೇಸ್ ಕಂಡಿರಲಿಲ್ಲ. ಯಾರಿಗೋ ಫೋನ್ ಹಚ್ಚಿ ಮಾತಾಡಿದ್ರು, ಆಮ್ಯಾಲ ಬ್ಯಾರೆ ಬಾಟಲಿ ತೆಗೆದ್ರು. ಎದಿ ಬಡಿತ ಭಾಳ ನಿಧಾನ ಆಗೈತಿ, ಅದಕ್ಕೊಂದು ಇಂಜೆಕ್ಷನ್. ವಿಷ ಹೀರಾಕ ಇದ್ದಲಿ ಪುಡಿ ನೀರಾಗ ಕಲಸಿ ಗಂಟಲಿಗೆ ಹಾಕೂದು. ಅಡ್ಡ ಮಲಗಾಕ ಬಿಡಬ್ಯಾಡ್ರಿ, ಕಾರಿದ್ದು ಪುಪ್ಪುಸಕ್ಕ ಹೋದ್ರ ಮುಗೀತು ಅಂದ್ರು. "ಹೇಳಿದ್ದು ಚಲೋ ಆತ್ರಿ ಅಕ್ಕಾರ. ಎರಡು ದಿವಸ ದಾಟಿದ್ರ ಉಳೀತೈತಿ. ದಾಟತೈತಿ ಅಂತ ನಾ ಹೇಳೂದಿಲ್ಲ."

ಅವರು ಹೋದ ಮ್ಯಾಲ ಆಪಾ ನನ್ನ ಕಡೆ ತಿರಗಿದ್ರು. ಬೈತಾರ ಅಂತ ತಯಾರಾಗಿ ನಿಂತಿದ್ದೆ; ಬೈದಿದ್ರ ನನಗ ಹಗುರಾಗತಿತ್ತು. "ಗೊತ್ತಿಲ್ಲದ ಕೊಟ್ರಿ, ಅದು ಇರಲಿ," ಅಂದ್ರು. "ಹೇಳಾಕ ಒಂದು ತಾಸು ಯಾಕ ಬೇಕಾತು ವೈನಿ?"

ನಾ ಹೋತದ ಬಗ್ಗಲಕ ಕುಂತು ಅದರ ತಲಿ ಎತ್ತಿ ಹಿಡಿದೆ.

ಎರಡು ದಿವಸ ನಾ ಅವರ ಅಂಗಳ ಬಿಡಲಿಲ್ಲ. ಹೋತದ ಪಕ್ಕಡಿಗೆ ಗೋಣಿ ಚೀಲ ಒತ್ತಿ ಕುಂಡ್ರಿಸಿ, ಅದು ವಾಲಿದಾಗೊಮ್ಮೆ ಎತ್ತಿ, ತಾಸಿಗೊಮ್ಮೆ ಸಕ್ಕರಿ ಉಪ್ಪಿನ ನೀರು ಚಮಚೆಲೆ ಹಾಕಿದೆ. ಸೀರಿ ತುಂಬ ಇದ್ದಲಿ ಕರಿ. ಆಪಾ ಬೀಡಿ ಸುತ್ತಲಿಲ್ಲ, ನನ್ನ ಕೂಡ ಮಾತಾಡಲಿಲ್ಲ. ಇದು ಬೇಕು ಅದು ಕೊಡ್ರಿ, ಅಷ್ಟೇ. ನನಗ ಊಟ ಸೇರಲಿಲ್ಲ. ನಮ್ಮ ಮನಿಯವ್ರು ಗಿಡ ಕಿತ್ತ ಒಗೀತೀನಿ ಅಂದ್ರು. ಬ್ಯಾಡ್ರಿ ಅಂದೆ. ಅದಕ ಬಾಯಿಲ್ಲ, ತನ್ನ ಗುಣ ಅದು ಮುಚ್ಚಿಟ್ಟಿರಲಿಲ್ಲ. ಓದದವಳು ನಾನು. ಕುಂಡ ಮೂರೂ ಮಾಳಗಿ ಮ್ಯಾಲ ಹೋದ್ವು, ಸುತ್ತ ಜಾಳಗಿ ಬಿತ್ತು.

ಮೂರನೇ ದಿವಸ ಮುಂಜಾನೆ ಹೋತ ಮೆಲುಕು ಹಾಕಿತು. ದವಡಿ ಅತ್ತಿತ್ತ ಆಡೂದನ್ನ ಇಬ್ಬರೂ ನೋಡಿದ್ವಿ. ಆಪಾ ನನ್ನ ಮೊಣಕೈ ಹಿಡದ್ರು, ಬಿಡಲಿಲ್ಲ. ಹದಿನೈದು ದಿವಸದಾಗ ಹೋತ ಮೊದಲಿನಂಗ ಆತು. ಮಸೂತಿಯ ಹಿರೇರನ್ನ ಕೇಳಿದ್ರ, ಪೂರಾ ಗುಣ ಆಗೈತಿ, ಊನ ಇಲ್ಲ, ನಡೀತೈತಿ ಅಂದ್ರಂತ.

ಎಲ್ಲಾ ಸರಿಹೋತು ಅನ್ರಿ. ಆದ್ರ ನನಗ ಮತ್ತ ಕುಂಡ್ರಾಕ ಆಗವಲ್ದು. ಆ ಹೋತ ಈಗ ನನ್ನ ಚಪ್ಪಲಿ ಸಪ್ಪಳಕ್ಕ ಒದರತಿತ್ತು. ಎರಡು ದಿವಸ ಮಡಲಾಗ ತಲಿ ಇಟಗೊಂಡು ಕಾದ ಜೀವ. ಇದನ್ನ ಉಳಿಸಿದ್ದು ಯಾತಕ್ಕ ಅನ್ನೂದು ನೆನಪಾದ್ರ ಹಿಡಿದ ಕೆಲಸ ಬಿಟ್ಟು ಏಳತಿದ್ದೆ. ನಮ್ಮವರಾಗ ಎಷ್ಟೋ ಮಂದಿ ಜೀವದಯಾ ಅಂತ ಹೋತ ಕೊಂಡು ಬಿಡಸತಾರ. ನಾನೂ ಹಂಗ ಮಾಡಿದ್ರ? ಬಕ್ರೀದಕ್ಕ ಎರಡು ದಿವಸ ಇದ್ದಾಗ ತಡಕೊಳ್ಳಾಕ ಆಗದ ಹೋಗಿ ಕೇಳೇಬಿಟ್ಟೆ. ಬ್ಯಾರೆ ಹೋತ ತರ್ರಿ ಆಪಾ, ಇದನ್ನ ನನಗ ಬಿಡ್ರಿ ಅಂದೆ.

ಆಪಾ ಬೀಡಿ ಕೆಳಗಿಟ್ರು. "ನನಗೂ ಅದರ ಮಾರಿ ನೋಡಾಕ ಆಗವಲ್ದು ವೈನಿ. ದಿನಾ ಮೇವು ಹಾಕುವಾಗ ಅಳತೀನಿ. ಅಳು ಬರದಂಥಾದ್ದು ಕೊಟ್ರ ಅದು ಕುರ್ಬಾನಿ ಹೆಂಗ ಆದೀತು? ಅಂಗಡಿಯಾಗಿನ ಮಟನ್ ಆದೀತು." ಸೂಪ ಬಾಜೂಕ ಸರಿಸಿ ಮತ್ತ ಅಂದ್ರು: "ನೀವು ಆ ದಿವಸ ಬಾಯಿ ಬಿಟ್ಟದ್ದಕ್ಕ ನನ್ನ ನಿಯತ್ ಉಳೀತು. ಈಗ ನೀವೇ ಅದನ್ನ ಮುರೀಬ್ಯಾಡ್ರಿ."

ನಾ ಮನಿಗೆ ಬಂದೆ. ಸಿಟ್ಟು ಬಂದಿತ್ತು, ಖರೆ ಹೇಳತೀನಿ. ಆಪಾನ ಮ್ಯಾಲೂ ಬಂದಿತ್ತು, ನನ್ನ ಮ್ಯಾಲೂ ಬಂದಿತ್ತು. ಅವರು ಹೇಳಿದ್ದು ನನ್ನ ಧರ್ಮ ಒಪ್ಪೂದಿಲ್ಲ, ಆದ್ರ ಅವರ ಮಾತಿನ್ಯಾಗ ಸುಳ್ಳು ಒಂದೂ ಇರಲಿಲ್ಲ.

ಪ್ರತಿವರ್ಷ ಬಕ್ರೀದ ದಿವಸ ನಾವು ಕಿಡಕಿ ಹಾಕಿ ಬಸದಿಗೆ ಹೋಗಿಬಿಡತೀವಿ, ಸಂಜಿಗೆ ಬರತೀವಿ. ಆ ಮುಂಜಾನೆನೂ ಕೀಲಿ ಕೈಯಾಗ ಹಿಡಕೊಂಡು ಹೊಂಟಿದ್ವಿ. ಆಪಾ ಬಾಗಲದಾಗ ನಿಂತಿದ್ರು, ಸ್ನಾನ ಮಾಡಿ ಹೊಸಾ ಸೀರಿ ಉಟ್ಟಿದ್ರು. ಅವರ ತಮ್ಮ ನಮಾಜಿಗೆ ಹೋಗಿದ್ದ, ಬರೂದ್ರಾಗಿದ್ದ. ಅವರ ಕೈಯಾಗ ಒಂದು ಮುಷ್ಟಿ ಬಾರಿಹಣ್ಣಿನ ಗಿಡದ ತಪ್ಪಲ ಇತ್ತು.

"ಒಂದು ತುತ್ತು ತಿನ್ನಿಸಿ ಹೋಗ್ರಿ ವೈನಿ."

ನಮ್ಮ ಮನಿಯವ್ರು ನನ್ನ ಕೈಯಾಗಿನ ಕೀಲಿ ತಗೊಂಡ್ರು. ನಾ ಒಳಗ ಹೋದೆ. ಹೋತದ ಮೈ ತೊಳೆದಿದ್ರು, ಬಿಳಿ ಮಚ್ಚಿ ಹೊಳೀತಿತ್ತು. ಬ್ಯಾನಿಯಿಂದ ಎದ್ದ ಮ್ಯಾಲ ಅದು ಆಪಾ ಕೊಟ್ಟ ತಪ್ಪಲ ಸುದ್ದಾ ಹತ್ತು ಸಲ ಮೂಸಿ ತಿಂತಿತ್ತಂತ. ನಾ ಕೈ ಚಾಚಿದೆ. ಅದು ಮೂಸಲಿಲ್ಲ. ಹಂಗೇ ಬಾಯಿ ಹಚ್ಚಿತು, ಅಂಗೈ ಖಾಲಿ ಆಗೂತನಕ ತಿಂತು, ಆಮ್ಯಾಲ ಅಂಗೈನೂ ನೆಕ್ಕಿತು.

ಅಲ್ಲೇ ನೆಲದ ಮ್ಯಾಲ ಕುಂತು ಅತ್ತೆ, ನನ್ನ ಅವ್ವ ಹೋದಾಗ ಅತ್ತಂಗ, ದನಿ ತೆಗೆದು. ಆಪಾ ಬಗ್ಗಲಕ ಬಂದು ಕುಂತ್ರು, ನನ್ನ ಬೆನ್ನ ಮ್ಯಾಲ ಕೈ ಇಟ್ರು.

"ಕುರ್ಬಾನ್ಯಾಗ ನೆರಮನಿಯವ್ರಿಗೂ ಒಂದು ಪಾಲು ಇರತೈತಿ ವೈನಿ," ಅಂದ್ರು. "ಮೂವತ್ತು ವರ್ಷ ನಿಮಗ ಕೊಡಾಕ ನನ್ನ ಹತ್ರ ಏನೂ ಇರಲಿಲ್ಲ. ಅಳ್ರಿ. ಇದು ನಿಮ್ಮ ಪಾಲು."